ಒಡ್ಡ, ಬೋಯಿ, ಬೋವಿ

ಜಾತಿ ಸರ್ಟಿಫಿಕೇಟು ಅಂದರೆ ನಮ್ಮ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಬರೀ ಸ್ಟ್ರಿಂಗ್ ಕಂಪೇರ್ ಕಣ್ರೀ. ಪಟ್ಟಿಯಲ್ಲಿರುವ ಹೆಸರೂ ಅರ್ಜಿಯಲ್ಲಿರುವ ಹೆಸರೂ ಒಂದೇ ಇರಬೇಕು. ಇಲ್ಲದಿದ್ದರೆ ಕೋರ್ಟು ಏನು ಮಾಡಬಹುದು? ಇದಕ್ಕೆ ಮೊದಮೊದಲು ಉತ್ತರ ಸಿಕ್ಕಿದ್ದು ನಮ್ಮ ಬೆಂಗಳೂರಿನದೇ ಒಂದು ಕೇಸಿನಲ್ಲಿ. ಅದು ಸರ್ಟಿಫಿಕೇಟಿನದಲ್ಲ, ಚುನಾವಣೆಯದು.

1962ರಲ್ಲಿ ಬೆಂಗಳೂರು ದಕ್ಷಿಣ ಮೀಸಲು ಕ್ಷೇತ್ರದಿಂದ ವಿಧಾನಸಭೆಗೆ ಗೆದ್ದವರು ಡಿ. ಮುನಿಚಿನ್ನಪ್ಪ. ತಕರಾರು ಏನಪ್ಪಾ ಅಂದ್ರೆ, ಅವರು ಒಡ್ಡರು, ಆದರೆ 1950ರ ರಾಷ್ಟ್ರಪತಿ ಆದೇಶದಲ್ಲಿ ಇದ್ದದ್ದು ‘ಬೋವಿ’! ಕೇಸು ಸುಪ್ರೀಂ ಕೋರ್ಟಿಗೆ ಹೋಯಿತು. ಆದೇಶದ ಅಕ್ಷರ ತಿದ್ದಲು ಸಾಕ್ಷಿ ಕೇಳುವಂತಿಲ್ಲ, ನಿಜ. ಆದರೆ 1950ರಲ್ಲಿ ಮೈಸೂರಿನಲ್ಲಿ ಬೋವಿ ಅನ್ನೋ ಬೇರೆ ಜಾತಿಯೇ ಇರಲಿಲ್ಲವಲ್ಲ, ಹಾಗಾದರೆ ಆ ಹೆಸರು ಯಾರದು? ಕಡತ ಕೆದಕಿದರೆ, ಒಡ್ಡರು 1944ರ ಸಮ್ಮೇಳನದಲ್ಲಿ ಹೆಸರು ಬದಲಿಸಿಕೊಂಡಿದ್ದರು, 1946ರಲ್ಲಿ ಮೈಸೂರು ಸರ್ಕಾರ ಒಪ್ಪಿ ‘ಬೋಯಿ’ ಎಂದು ಆದೇಶವನ್ನೂ ಹೊರಡಿಸಿತ್ತು. ಬೋಯಿ, ಬೋವಿ ಕಾಗುಣಿತದ ವ್ಯತ್ಯಾಸ ದೊಡ್ಡದಲ್ಲ ಎಂದು 1964ರಲ್ಲಿ ಕೋರ್ಟು ಗೆಲುವನ್ನು ಎತ್ತಿಹಿಡಿಯಿತು. (ಕಂಪೈಲರ್ ಆಗಿದ್ದರೆ ಬಿಡುತ್ತಿರಲಿಲ್ಲ :-))

ಆ ಬಾಗಿಲು ಬಹಳ ಕಾಲ ತೆರೆದಿರಲಿಲ್ಲ. 2000ದಲ್ಲಿ ಮಹಾರಾಷ್ಟ್ರದ ಹಲ್ಬಾ-ಕೋಷ್ಟಿ ಕೇಸಿನಲ್ಲಿ ಸಂವಿಧಾನ ಪೀಠ, ಪಟ್ಟಿಯನ್ನು ಇದ್ದ ಹಾಗೇ ಓದಬೇಕು, ಇಂಥದ್ದು ಅದರ ಒಳಪಂಗಡವೇ ಎಂಬ ವಿಚಾರಣೆಯೇ ಕೂಡದು ಎಂದಿತು. ವಿದ್ಯಾರ್ಥಿಯ ಎಂಬಿಬಿಎಸ್ ಉಳಿಯಿತು, ಜಾತಿ ಉಳಿಯಲಿಲ್ಲ. ನನಗೆ ಇದು ತುಸು ಕಠಿಣ ಅನ್ನಿಸುತ್ತೆ. ಈಗ ತಹಶೀಲ್ದಾರರು ನಿರಾಕರಿಸಿದರೆ ಮೇಲ್ಮನವಿ ಹಾಕಬಹುದು, ಹೈಕೋರ್ಟಿಗೂ ಹೋಗಬಹುದು. ಹೈಕೋರ್ಟು ‘ಸರಿಯಾಗಿ ವಿಚಾರಿಸಿ’ ಎಂದು ವಾಪಸ್ ಕಳಿಸಬಲ್ಲದು, ಪಟ್ಟಿಗೆ ಹೆಸರು ಸೇರಿಸಲಾರದು. ಅದಕ್ಕೇ ನೋಡಿ, ನಮ್ಮ ಪರಿವಾರ, ತಳವಾರರ ಹೆಸರು ಎಸ್‌ಟಿ ಪಟ್ಟಿಯಲ್ಲಿ ನಾಯಕರ ಜೊತೆ ಸೇರಿದ್ದು 2020ರಲ್ಲಿ, ಅದೂ ಸಂಸತ್ತಿನ ಕಾಯ್ದೆಯಿಂದ.