ನಕ್ಷತ್ರ ನೋಡಿದವರ ನಾಡಿನ ಹೆಣ್ಣುಮಕ್ಕಳು

ಮೂರು ರಾಯರ ಹಬ್ಬ ಬಂತೆಂದರೆ ನಾವು ಗೋದಲಿಯಲ್ಲಿ ಒಂಟೆಗಳ ಪಕ್ಕಕ್ಕೆ ಆ ಮೂವರನ್ನೂ ತಂದು ನಿಲ್ಲಿಸುತ್ತೇವೆ. ಮತ್ತಾಯನ ಶುಭಸಂದೇಶ ಅವರನ್ನು ರಾಯರೆಂದು ಕರೆಯುವುದಿಲ್ಲ, ಮೂವರೆಂದು ಎಣಿಸುವುದೂ ಇಲ್ಲ. ಮೂಡಣ ದಿಕ್ಕಿನಿಂದ ಬಂದ, ನಕ್ಷತ್ರಗಳನ್ನು ಬಲ್ಲ ಪಂಡಿತರು ಎಂಬಷ್ಟೇ ಅರ್ಥ ಅಲ್ಲಿ ಬರುತ್ತದೆ. ಯಾವ ನಾಡಿನವರೆಂದೂ ಹೇಳಿಲ್ಲ. ಆದರೆ ಮೂಡಣದಲ್ಲಿ ಆಕಾಶವನ್ನು ರಾತ್ರಿ ರಾತ್ರಿ ನೋಡಿ ಜೇಡಿಮಣ್ಣಿನ ಹಲಗೆಗಳ ಮೇಲೆ ಬರೆದಿಡುವ ವಿದ್ಯೆಗೆ ತವರು ಬಾಬಿಲೋನ್. ಪ್ರವಾದಿ ಯೆಶಾಯನ ಗ್ರಂಥದ 47ನೇ ಅಧ್ಯಾಯದಲ್ಲಿ ಆ ನಗರವನ್ನು ಒಬ್ಬ ಹೆಣ್ಣೆಂದು ಚಿತ್ರಿಸಿ, ಅವಳ ನಕ್ಷತ್ರಪಂಡಿತರು ಅವಳನ್ನು ಉಳಿಸಲಾರರೆಂದು ಹಂಗಿಸಲಾಗಿದೆ. ಗುರುಮಠದಲ್ಲಿ ಈ ಅಧ್ಯಾಯವನ್ನು ಓದಿದಾಗ ನಮಗೆ ಬಾಬಿಲೋನ್ ಎಂದರೆ ಸೆರೆವಾಸ, ಅಷ್ಟೇ. ಆ ನಗರದ ನಿಜವಾದ ಹೆಣ್ಣುಮಕ್ಕಳಿಗೂ ಆ ಆಕಾಶವಿದ್ಯೆಗೂ ಏನು ನಂಟಿತ್ತೆಂದು ಕೇಳಿಕೊಂಡದ್ದು ಬಹಳ ತಡವಾಗಿ.

ಮೊದಲು ನೇರವಾಗಿ ಒಂದು ಮಾತು ಹೇಳಿಬಿಡಬೇಕು. ಅಲ್ಲಿ ಗ್ರಹಣ, ಗ್ರಹ, ಮೋಡ, ಗುಡುಗುಗಳ ಶಕುನಗಳನ್ನು ಸುಮಾರು 70 ಹಲಗೆಗಳಲ್ಲಿ ಕೂಡಿಸಿದ 'ಎನೂಮ ಅನು ಎನ್ಲಿಲ್' ಎಂಬ ಮಹಾಗ್ರಂಥವಿತ್ತು. ಅದನ್ನು ಬಲ್ಲ ಆಸ್ಥಾನ ಪಂಡಿತರಾಗಿ ನಮಗೆ ಹೆಸರು ತಿಳಿದವರೆಲ್ಲ ಗಂಡಸರು. ವಿದ್ಯೆ ತಂದೆಯಿಂದ ಮಗನಿಗೆ ಇಳಿಯುತ್ತಿತ್ತು. ಹೆಣ್ಣಿಗೆ ದೊಡ್ಡ ಜಾಗವಿದ್ದದ್ದು ಆಕಾಶದಲ್ಲೇ. ನಾವು ಬೆಳ್ಳಿ ಎನ್ನುವ ಶುಕ್ರ ಅವರಿಗೆ ಇಷ್ಟಾರ್ ದೇವತೆ. ಕ್ರಿ.ಪೂ. 17ನೇ ಶತಮಾನದ ಅಮ್ಮಿಸದೂಕ ರಾಜನ 21 ವರ್ಷಗಳ ಕಾಲ ಅವಳು ಯಾವ ದಿನ ಮೂಡಿದಳು, ಯಾವ ದಿನ ಮರೆಯಾದಳು ಎಂದು ಅವರು ಗುರುತು ಹಾಕಿಟ್ಟಿದ್ದಾರೆ. ನಮ್ಮ ಗೋಡೆ ಕ್ಯಾಲೆಂಡರಿನ ಕನ್ಯಾ ರಾಶಿ ಕೂಡ ಅವರ 'ನೇಗಿಲ ಸಾಲು' ಎಂಬ ನಕ್ಷತ್ರಪುಂಜದಿಂದ ಹುಟ್ಟಿ, ಗ್ರೀಕರ ಕೈದಾಟಿ ಭಾರತಕ್ಕೆ ಬಂದದ್ದು.

ಹಾಗಿದ್ದರೂ ಈಚೆಗೆ 'ಜಗತ್ತಿನ ಮೊದಲ ಮಹಿಳಾ ಖಗೋಳ ವಿಜ್ಞಾನಿ' ಎಂದು ಒಬ್ಬಾಕೆಯ ಹೆಸರು ಕೇಳಿಬರುತ್ತದೆ. ಅವಳು ಎನ್ಹೆದುವನ್ನಾ. ಕ್ರಿ.ಪೂ. 2300ರ ಸುಮಾರಿನವಳು, ಅಕ್ಕಾದದ ಸಾರ್ಗೋನ್ ಚಕ್ರವರ್ತಿಯ ಮಗಳು. ಅಬ್ರಹಾಮನ ಮನೆತನ ಹೊರಟುಬಂದ ಊರೆಂದು ಆದಿಕಾಂಡ ಹೇಳುವ ಊರ್ ಪಟ್ಟಣದಲ್ಲಿ ಚಂದ್ರದೇವ ನನ್ನನ ಪ್ರಧಾನ ಅರ್ಚಕಿಯಾಗಿದ್ದಳು. ಆಕೆಯ ಚಿತ್ರ ಕೆತ್ತಿದ ದುಂಡನೆಯ ಕಲ್ಲೊಂದು 1927ರಲ್ಲಿ ಲಿಯೊನಾರ್ಡ್ ವೂಲಿಯವರ ಉತ್ಖನನದಲ್ಲಿ ಒಡೆದ ಸ್ಥಿತಿಯಲ್ಲಿ ಸಿಕ್ಕಿತು. ಈಗ ಫಿಲಡೆಲ್ಫಿಯಾದ ವಸ್ತುಸಂಗ್ರಹಾಲಯದಲ್ಲಿದೆ. ದೇವಾಲಯಗಳನ್ನು ಕುರಿತ 42 ಸ್ತುತಿಗೀತೆಗಳು ಅವಳ ಹೆಸರಿನಲ್ಲಿವೆ. ಕೊನೆಯ ಗೀತೆಯಲ್ಲಿ ನೀಲಿಕಲ್ಲಿನ ಹಲಗೆ ಹಿಡಿದು ಆಕಾಶವನ್ನು ಅಳೆಯುವ ಒಬ್ಬಾಕೆ ಬರುತ್ತಾಳೆ. ಅದು ಎನ್ಹೆದುವನ್ನಾ ತನ್ನ ಬಗ್ಗೆಯೇ ಹೇಳಿಕೊಂಡದ್ದು ಎಂದು ಹಲವರು ಬರೆದುಬಿಟ್ಟರು. ಗೀತೆಯನ್ನು ಮೊದಲಿನಿಂದ ಓದಿದರೆ ಅವಳು ಬರವಣಿಗೆಯ ದೇವತೆ ನಿಸಬಾ ಎಂಬುದು ತಿಳಿಯುತ್ತದೆ. 2015ರಲ್ಲಿ ಬುಧಗ್ರಹದ ಒಂದು ಕುಳಿಗೆ ಎನ್ಹೆದುವನ್ನಾಳ ಹೆಸರಿಟ್ಟರು. ಕವಯಿತ್ರಿಯಾಗಿ ಆ ಗೌರವ ಅವಳಿಗೆ ಸಲ್ಲತಕ್ಕದ್ದೇ. ಇಲ್ಲದ ಕಿರೀಟವನ್ನು ತೊಡಿಸುವುದು ಅವಳಿಗೆ ಮಾಡುವ ಉಪಕಾರವಲ್ಲವೆಂದು ನಮಗನಿಸುತ್ತದೆ.

ಆದರೆ ಅವಳ ಪದವಿಯೇ ಚಂದ್ರನಿಗೆ ಕಟ್ಟಿದ್ದು. ಅವರ ತಿಂಗಳು ಶುರುವಾಗುತ್ತಿದ್ದುದು ಎಳೆಚಂದ್ರ ಕಂಡ ಸಂಜೆ. ಆ ಚಂದ್ರದೇವನ 'ಪತ್ನಿ' ಎನಿಸಿಕೊಂಡು, ಗಿಪಾರು ಎಂಬ ಮನೆಯಲ್ಲಿ ಬಾಳಿ, ರಾಜನ ಆಯುಷ್ಯಕ್ಕಾಗಿ ಪ್ರಾರ್ಥಿಸುವುದು ಅರ್ಚಕಿಯ ಕೆಲಸ. ಹೊಸ ಅರ್ಚಕಿಯನ್ನು ಶಕುನ ನೋಡಿ ಆರಿಸಿದ್ದು ಎಷ್ಟು ದೊಡ್ಡ ಸಂಗತಿಯೆಂದರೆ, ಊರ್ ದೊರೆಗಳು ಕೆಲವು ವರ್ಷಗಳಿಗೆ ಆ ಆಯ್ಕೆಯ ಹೆಸರನ್ನೇ ಇಟ್ಟರು.

ಓದುಬರಹ ಬಲ್ಲ ಸ್ತ್ರೀಯರೂ ಇದ್ದರು. ಹಮ್ಮುರಾಬಿಯ ಕಾಲದಲ್ಲಿ ಸಿಪ್ಪಾರ್ ಪಟ್ಟಣದ ಸೂರ್ಯದೇವನ ಗುಡಿಗೆ ಸೇರಿದ ಕನ್ಯಾಮಠದಲ್ಲಿ ಅಮತ್ ಮಾಮು ಎಂಬಾಕೆ ಸುಮಾರು 40 ವರ್ಷ ಲಿಪಿಕಾರಳಾಗಿದ್ದಳು. ಅವಳು ಬರೆದದ್ದು ಹೊಲಮನೆಯ ಪತ್ರಗಳನ್ನು. ಉತ್ತರದ ಅಶ್ಶೂರ್ ಪಟ್ಟಣದಲ್ಲಿ ಕ್ರಿ.ಪೂ. 1900ರ ಸುಮಾರಿಗೆ ಕನಸಿಗೆ ಅರ್ಥ ಹೇಳುವ, ಶಕುನ ನೋಡುವ ಹೆಂಗಸರಿದ್ದರು. ಮನೆಯ ಹೆಣ್ಣುಮಕ್ಕಳು ಅಂಥವರನ್ನು ಕೇಳಿ, ದೂರದೇಶದಲ್ಲಿ ವ್ಯಾಪಾರಕ್ಕೆ ಕೂತ ಗಂಡಸಿಗೆ ಪತ್ರ ಬರೆಯುತ್ತಾರೆ: ಹಣದ ಮೇಲೆ ಆಸೆ ಸಾಕು, ನಿನ್ನ ಜೀವ ನೋಡಿಕೋ ಎಂಬ ಧಾಟಿಯಲ್ಲಿ. ದುಬೈ, ಕುವೈತಿಗೆ ಗಂಡಸರನ್ನು ಕಳಿಸಿದ ಮನೆಗಳಿಗೆ ಈ ಪತ್ರ ಹೊಸದೆನಿಸದು. ಗಿಲ್ಗಮೇಶನ ಕಥೆಯಲ್ಲೂ ಆಕಾಶದಿಂದ ತಾರೆಯಂಥದ್ದೊಂದು ಬಿದ್ದ ಕನಸಿಗೆ ಅರ್ಥ ಹೇಳುವವಳು ಅವನ ತಾಯಿಯೇ.

ಹೀಗೆ ಹೆಣ್ಣು ಆಕಾಶದ ಶಕುನಗಳನ್ನು ಬರೆದಿಟ್ಟವಳಲ್ಲ. ಆ ಶಕುನಗಳು ಅವಳ ಬಾಳಿನ ಮೇಲೆ ಬಂದು ಬಿದ್ದದ್ದು ಮಾತ್ರ ಉಂಟು. ಎರಡು ಪ್ರಸಂಗಗಳನ್ನು ಹೇಳುತ್ತೇವೆ.

ದಾನಿಯೇಲನ ಗ್ರಂಥದಲ್ಲಿ ಗೋಡೆಯ ಮೇಲಿನ ಬರಹ ಕಂಡು ನಡುಗಿದ ಬೇಲ್ಶಚ್ಚರನನ್ನು ಎಲ್ಲರೂ ಬಲ್ಲೆವು. ಅವನ ತಂದೆ, ಬಾಬಿಲೋನಿನ ಕೊನೆಯ ದೊರೆ ನಬೊನೀದ. ಕ್ರಿ.ಪೂ. 554ರ ಸೆಪ್ಟೆಂಬರ್ 26ರಂದು ಚಂದ್ರಗ್ರಹಣವಾಯಿತು. ಚಂದ್ರದೇವನು ಅರ್ಚಕಿಯನ್ನು ಕೇಳುತ್ತಿದ್ದಾನೆ ಎಂದು ಅದಕ್ಕೆ ಫಲ ಹೇಳಲಾಯಿತು. ಕುರಿ ಕೊಯ್ದು ಯಕೃತ್ತಿನ ಗುರುತು ನೋಡಿದರು. ದೊರೆಯ ಬಂಧುಬಳಗದ ಹೆಣ್ಣುಗಳು ಆಗಬಹುದೇ ಎಂದು ಕೇಳಿದರೆ ಬೇಡವೆಂಬ ಉತ್ತರ. ಸ್ವಂತ ಮಗಳೇ ಎಂದಾಗ ಹೌದು. ಅರ್ಚಕಿಯ ಉಡುಪು ಹೇಗಿರಬೇಕೆಂದು ಬಲ್ಲವರೇ ಇರಲಿಲ್ಲ. ಆರು ಶತಮಾನದಷ್ಟು ಹಳೆಯ, ಒಂದನೇ ನೆಬೂಕದ್ನೆಚ್ಚರನ ಕಾಲದ ಶಿಲೆಯೊಂದನ್ನು ಹುಡುಕಿ, ಅದರ ಚಿತ್ರ ನೋಡಿ ಬಟ್ಟೆ ಒಡವೆ ಮಾಡಿಸಿದರು. ಖರ್ಜೂರದ ಮರಗಳು ಬೆಳೆದುನಿಂತಿದ್ದ ಗಿಪಾರುವಿನ ಹಾಳನ್ನು ಬಿಡಿಸಿ ಮತ್ತೆ ಕಟ್ಟಿದರು. ಮಗಳಿಗೆ ಎನ್ನಿಗಲ್ದಿ ನನ್ನಾ ಎಂದು ಹೊಸ ಹೆಸರಿಟ್ಟರು. 'ನನ್ನನು ಕೇಳಿ ಪಡೆದ ಅರ್ಚಕಿ' ಎಂದರ್ಥ. ಹೆತ್ತವರು ಇಟ್ಟ ಹೆಸರು ದೊರೆಯ ಶಾಸನದಲ್ಲಿಲ್ಲ. ಗ್ರಹಣಗಳು 18 ವರ್ಷ 11 ದಿನಗಳಿಗೊಮ್ಮೆ ಮರುಕಳಿಸುವ ಲೆಕ್ಕವನ್ನು ಅಲ್ಲಿನ ಪಂಡಿತರು ಆ ಹೊತ್ತಿಗೆ ಗುರುತಿಸುತ್ತಿದ್ದರು ಎಂಬುದನ್ನು ನೆನೆದರೆ ಮನಸ್ಸಿಗೆ ಕಸಿವಿಸಿಯಾಗುತ್ತದೆ. ಲೆಕ್ಕಕ್ಕೆ ಸಿಕ್ಕಿದ ನೆರಳಿಗೂ ಮಗಳನ್ನು ಕೊಡಬೇಕಾಯಿತೇ?

ಎರಡನೆಯದು ಇದಕ್ಕಿಂತ ನೂರು ವರ್ಷಕ್ಕೂ ಹಿಂದಿನದು. ಆಗ ಬಾಬಿಲೋನನ್ನೂ ಆಳುತ್ತಿದ್ದವನು ಅಸ್ಸೀರಿಯದ ದೊರೆ ಎಸರ್‌ಹದ್ದೋನ, ಕ್ರಿ.ಪೂ. 681ರಿಂದ 669ರವರೆಗೆ. ಗ್ರಹಣದಲ್ಲಿ ಚಂದ್ರನ ಯಾವ ಭಾಗ ಕಪ್ಪಾಯಿತು ಎಂಬುದರ ಮೇಲೆ ಯಾವ ದೇಶದ ದೊರೆಗೆ ಸಾವು ಎಂದು ಪಂಡಿತರು ಹೇಳುತ್ತಿದ್ದರು. ಆಗ ಗುರುಗ್ರಹ ಕಣ್ಣಿಗೆ ಕಂಡರೆ ಕೇಡಿಲ್ಲ. ಕೇಡು ಖಚಿತವೆಂದಾದರೆ ನಿಜವಾದ ದೊರೆ ಮರೆಗೆ ಸರಿಯುತ್ತಿದ್ದ. ಪಂಡಿತರು ಅವನಿಗೆ 'ರೈತ' ಎಂದು ಸಂಬೋಧಿಸಿ ಪತ್ರ ಬರೆಯುತ್ತಿದ್ದರು. ಸಿಂಹಾಸನದ ಮೇಲೆ ಬದಲಿ ರಾಜನೊಬ್ಬನನ್ನು ಕೂಡಿಸುತ್ತಿದ್ದರು. ರಾಜನಿಗೆ ರಾಣಿ ಬೇಕಲ್ಲ? ಒಬ್ಬ ಕನ್ಯೆಯನ್ನು ತಂದು ಪಕ್ಕದಲ್ಲಿ ಕೂಡಿಸುತ್ತಿದ್ದರು. ಹೆಚ್ಚೆಂದರೆ 100 ದಿನ. ಆಮೇಲೆ ದೊರೆಯ ತಲೆಗೆ ಬಂದದ್ದನ್ನು ಇವರಿಬ್ಬರೂ ತಮ್ಮ ಸಾವಿನಿಂದ ತೀರಿಸಬೇಕಿತ್ತು.

ದೊರೆಯ ಪ್ರತಿನಿಧಿ ಮಾರ್ ಇಸ್ಸಾರ್ ಬಾಬಿಲೋನಿಯಾದಿಂದ ಬರೆದ ಒಂದು ವರದಿ ಉಳಿದಿದೆ. ಅಕ್ಕಾದ್ ನಗರದ ಗುಡಿಯ ಮುಖ್ಯಾಧಿಕಾರಿಯ ಮಗ ದಮ್ಕಿ ಎಂಬವನು ಬದಲಿ ರಾಜನಾಗಿ ರಾಣಿಯ ಸಮೇತ ಸತ್ತನೆಂದು ಅದರಲ್ಲಿದೆ. ನಿನಗೆ ರಾಜ್ಯ ಬರುವುದೆಂದು ಒಬ್ಬ ಪ್ರವಾದಿನಿ ಅವನಿಗೆ ಮೊದಲೇ ನುಡಿದಿದ್ದಳಂತೆ. ಬಂದ ರಾಜ್ಯ ಇಂಥದ್ದು. ಸಮಾಧಿ ಸಿದ್ಧಪಡಿಸಿ, ಇಬ್ಬರನ್ನೂ ಅಲಂಕರಿಸಿ, ಜನರ ದರ್ಶನಕ್ಕಿಟ್ಟು, ಮಣ್ಣುಮಾಡಿ, ಅತ್ತದ್ದಾಯಿತು ಎಂದು ಕಚೇರಿ ಕಾಗದದಂತೆ ಸಾಲಾಗಿ ಬರೆದಿದ್ದಾನೆ. ದಮ್ಕಿಯ ಹೆಸರಿದೆ, ಅವನ ತಂದೆಯ ಪದವಿಯಿದೆ. ಹುಡುಗಿ ಯಾರ ಮಗಳೆಂದು ಬರೆದಿಲ್ಲ. ಅಕ್ಕಾದಿನ ಜನ ಹೆದರಿದ್ದರು, ಧೈರ್ಯ ಹೇಳಿದೆವು, ಈಗ ಶಾಂತರಾಗಿದ್ದಾರೆ ಎಂದು ವರದಿ ಮುಂದಿನ ಮಾತಿಗೆ ಹೋಗುತ್ತದೆ.