ವಾಯು ಹಿಡಿದಿದೆ ಅಂದರೆ ಏನು ಹಿಡಿದಿದೆ?



ಮೊನ್ನೆ ಒಂದು ಬೆಳಗ್ಗೆ ಎದ್ದಾಗ ನನ್ನ ಕತ್ತು ಎಡಕ್ಕೆ ತಿರುಗಿ ಅಲ್ಲೇ ನಿಂತುಬಿಟ್ಟಿತ್ತು. ಹಾಗೇ ಸ್ಟುಡಿಯೋಗೆ ಬಂದರೆ, ಇಲ್ಲಿ ಚೆನ್ನೈಯ ನಮ್ಮ ವಾಚ್‌ಮನ್ ಒಂದು ಸಲ ನೋಡಿ "ವಾಯು ಪಿಡಿಪ್ಪು" ಅಂದರು. ಮಧ್ಯಾಹ್ನ ಊರಿಗೆ ಫೋನ್ ಮಾಡಿದೆ. ಅಮ್ಮ ಹೇಳಿದ್ದೂ ಅದೇ: "ವಾಯು ಹಿಡ್ದಿರ್ಬೇಕು ಕಣೇ, ಎಣ್ಣೆ ಹಚ್ಕೊಂಡು ಬಿಸಿನೀರು ಹಾಕ್ಕೋ."

ಮಾತು ಒಂದೇ, ಊರು ಮಾತ್ರ ಬೇರೆ. ಹಳಗನ್ನಡದಲ್ಲಿ 'ಹಿಡಿ' ಅಲ್ಲ, 'ಪಿಡಿ'. ಸುಮಾರು 10ನೇ ಶತಮಾನದಿಂದೀಚೆಗೆ ನಮ್ಮ ಪಕಾರ ಹಕಾರವಾಗುತ್ತ ಬಂತು. ಪಾಲು ಹಾಲಾಯಿತು, ಪೂವು ಹೂವಾಯಿತು. ತಮಿಳರು ಪಕಾರವನ್ನು ಬಿಡಲಿಲ್ಲ. ನಾನು ಬಿ.ಎ.ಯಲ್ಲಿ ಓದಿ ಮರೆತ ಪಾಠವನ್ನು ವಾಚ್‌ಮನ್ ಗೇಟಿನಲ್ಲೇ ಒಪ್ಪಿಸಿದಂತಾಯಿತು!

ವಾಯು ಸಂಸ್ಕೃತದ್ದು. 'ವಾ' ಅಂದರೆ ಬೀಸು. ವಾತವೂ ಅದೇ ಧಾತುವಿನದು. ಆಯುರ್ವೇದದ ಲೆಕ್ಕದಲ್ಲಿ ಮೈಯೊಳಗಿನ ಚಲನೆಯೆಲ್ಲ ವಾತದ್ದು. ಅದು ಕೆಟ್ಟರೆ ನೋವು, ಬಿಗಿತ, ಸೆಳೆತ. ಚರಕಸಂಹಿತೆಯ ಸೂತ್ರಸ್ಥಾನ ವಾತರೋಗಗಳನ್ನು 80 ಎಂದು ಎಣಿಸುತ್ತದೆ (ಪಿತ್ತಕ್ಕೆ 40, ಕಫಕ್ಕೆ 20 ಅಷ್ಟೇ). ನನ್ನ ಕತ್ತಿಗೂ ಅಲ್ಲಿ ಹೆಸರಿದೆ, ಗ್ರೀವಾಸ್ತಂಭ. ಬೆನ್ನು ಹಿಡಿದರೆ ಪೃಷ್ಠಗ್ರಹ, ಕಾಲಿನ ಗಿಣ್ಣು ಹಿಡಿದರೆ ಗುಲ್ಫಗ್ರಹ. ಗ್ರಹ ಅಂದರೂ ಹಿಡಿತವೇ. ವಾತ ಕೆಡುವುದಕ್ಕೆ ಚರಕ ಕೊಡುವ ಕಾರಣಗಳಲ್ಲಿ ಅತಿಯಾದ ಜಾಗರಣೆಯೂ ಒಂದು. ರಾತ್ರಿ ಪಾಳಿಯ ಉದ್ಘೋಷಕರು ಗಮನಿಸಬೇಕು.

ಮುಂಬೈ, ಪುಣೆಯವರಿಗೆ ಅಕ್ಕಪಕ್ಕದ ಮರಾಠಿ ಮನೆಗಳ "ಉಸಣ ಭರಲೀ" ಗೊತ್ತು. ಹೈದರಾಬಾದಿನಲ್ಲಿ "ಪಟ್ಟೇಸಿಂದಿ" ಅನ್ನುತ್ತಾರೆ, ಅದೂ ಹಿಡಿದುಕೊಂಡಿತು ಅಂತಲೇ.

ಈಗಿನ ವೈದ್ಯರು ಇದನ್ನು ಸ್ನಾಯುಸೆಳೆತ ಅನ್ನುತ್ತಾರೆ, ಗಾಳಿಯನ್ನು ದೂರುವುದಿಲ್ಲ. ನಾವು ಮಾತ್ರ ಹೊಟ್ಟೆಯುಬ್ಬರಕ್ಕೂ ವಾಯು, ಸೊಂಟಕ್ಕೂ ವಾಯು, ಎದೆಯಲ್ಲಿ ಚುಚ್ಚಿದರೂ ವಾಯು ಅನ್ನುತ್ತೇವೆ. ಚರಕನ ಆ 80ರಲ್ಲಿ ಎದೆಚುಚ್ಚು, ವಕ್ಷಸ್ತೋದ, ಇದ್ದೇ ಇದೆ. ಹಾಗಾಗಿ ಈ ರೂಢಿ ನಿನ್ನೆಯದಲ್ಲ.

ನಮ್ಮ ಚಿಕ್ಕಪ್ಪನಿಗೆ ಒಂದು ರಾತ್ರಿ ಎಡಭುಜ, ಎದೆ ಹಿಡಿದುಕೊಂಡಿತು. ಮನೆಯವರೆಲ್ಲ ವಾಯು ಅಂದರು. ಓಂಕಾಳಿನ ಕಷಾಯ, ಎಣ್ಣೆ, ಶಾಖ, ಎಲ್ಲ ಆಯಿತು. ಬೆವರು ನಿಲ್ಲಲಿಲ್ಲ. ಆಸ್ಪತ್ರೆ ಮುಟ್ಟುವಾಗ ಬೆಳಗಾಗಿತ್ತು, ಅದು ಹೃದಯಾಘಾತ. ಚಿಕ್ಕಪ್ಪ ಉಳಿದರು, ಆದರೆ ತೋಟಕ್ಕೆ ಇಳಿಯುವುದು ನಿಂತಿತು. ಆ ರಾತ್ರಿ ಯಾರೂ ಸುಳ್ಳು ಹೇಳಿರಲಿಲ್ಲ. ಎರಡು ನೋವಿಗೂ ನಮ್ಮ ಮನೆಯಲ್ಲಿ ಇದ್ದದ್ದು ಒಂದೇ ಪದ.

ನನ್ನ ಕತ್ತು ಮೂರನೇ ದಿನಕ್ಕೆ ಸರಿಹೋಯಿತು. ಎಣ್ಣೆಯಿಂದಲೇ ಅಂತ ಅಮ್ಮ. ನಿಮ್ಮ ಕಡೆ ಇದಕ್ಕೆ ಬೇರೆ ಮಾತಿದ್ದರೆ ಬರೆದು ಕಳಿಸಿ, ಕಾರ್ಯಕ್ರಮದಲ್ಲಿ ಓದುತ್ತೇನೆ.