ಬೋಣಿಗೆ ಮುಂಚೆ ಫೋಟೋ: ಸೈಗಾನ್ ಮಾರ್ಕೆಟ್‌ನಲ್ಲಿ ಕ್ಯಾಮೆರಾದ ಚರಿತ್ರೆ

ಇವತ್ತು ವಿಯೆಟ್ನಾಂಗೆ ಹೋಗೋಣ, ಹೋ ಚಿ ಮಿನ್ ಸಿಟಿಗೆ. 1976ರಲ್ಲಿ ಸರ್ಕಾರ ಈ ಹೆಸರು ಕೊಟ್ಟಿತು. ಆದರೆ ಅಲ್ಲಿನವರು ಮಾತಿನಲ್ಲಿ ಈಗಲೂ ಸೈಗಾನ್ ಅಂತಲೇ ಕರೀತಾರೆ. ನಾವೂ ಹಾಗೇ ಕರೆಯೋಣ.

ಸೈಗಾನ್‌ಗೆ ಹೋದ ಪ್ರವಾಸಿಗಳಿಗೆ ಸಿಗುವ ಟೂರ್‌ಗಳಲ್ಲಿ ಒಂದು, ಸ್ಟ್ರೀಟ್ ಫೋಟೋಗ್ರಫಿ ವಾಕ್. ಬೆಳಗಿನ ಜಾವ ಗೈಡ್ ಒಬ್ಬರು ನಾಲ್ಕೈದು ಜನರನ್ನು ಕರೆದುಕೊಂಡು ಮಾರ್ಕೆಟ್ ಬೀದಿಗಳಲ್ಲಿ ನಡೆಸ್ತಾರೆ. ಬಿಸಿಲು ಎಲ್ಲಿಂದ ಬೀಳುತ್ತೆ, ಯಾವ ಮೂಲೆಯಲ್ಲಿ ನಿಲ್ಲಬೇಕು, ಮೀನು ಕತ್ತರಿಸುವ ಕೈಯನ್ನ ಹೇಗೆ ಹಿಡಿಯಬೇಕು, ಎಲ್ಲ ಹೇಳಿಕೊಡ್ತಾರೆ. ಕೆಲವರ ಕೈಯಲ್ಲಿ ದೊಡ್ಡ ಕ್ಯಾಮೆರಾ ಇದ್ದರೆ, ಬಹಳ ಜನರ ಕೈಯಲ್ಲಿ ಬರೀ ಫೋನ್.

ಇದರಲ್ಲಿ ಒಂದು ತೊಡಕಿದೆ. ಫೋಟೋಗೆ ಒಳ್ಳೆ ಬೆಳಕು ಬೆಳಗ್ಗೆ. ವ್ಯಾಪಾರಿಗೆ ಬೋಣಿ ಸಮಯವೂ ಅದೇ.

ನಮ್ಮಲ್ಲಿ ಬೋಣಿ ಅಂತೀವಲ್ಲ, ವಿಯೆಟ್ನಾಂನಲ್ಲೂ ಅದೇ ನಂಬಿಕೆ ಇದೆ. ಅವರ ಮಾತಲ್ಲಿ ಅದು 'ಮೋ ಹಾಂಗ್'. ದಿನದ ಮೊದಲ ಗಿರಾಕಿ ಕೊಂಡರೆ ಇಡೀ ದಿನ ವ್ಯಾಪಾರ ಚೆನ್ನಾಗಿ ಆಗುತ್ತೆ. ಸುಮ್ಮನೆ ಮುಟ್ಟಿ ನೋಡಿ, ಚೌಕಾಸಿ ಮಾಡಿ, ಏನೂ ಕೊಳ್ಳದೆ ಹೋದರೆ ಅಪಶಕುನ. ಅಂಥವರು ಹೋದ ಮೇಲೆ ಕೆಲವರು ಕಾಗದದ ಚೂರು ಸುಟ್ಟು ದೃಷ್ಟಿ ಕಳೆದುಕೊಳ್ಳೋದೂ ಉಂಟು. ಈಗ ಯೋಚನೆ ಮಾಡಿ. ಆರು ಗಂಟೆಗೆ ಐದು ಜನ ಬಂದು ಅಂಗಡಿ ಮುಂದೆ ನಿಂತು, ಹತ್ತು ನಿಮಿಷ ಕ್ಲಿಕ್ಕಿಸಿ, ಏನೂ ಕೊಳ್ಳದೆ ಮುಂದೆ ಹೋಗ್ತಾರೆ. ಮಾರೋ ಅಮ್ಮನಿಗೆ ಹೇಗನ್ನಿಸಬೇಡ?

ಇದು ಬರೀ ನಡವಳಿಕೆಯ ಪ್ರಶ್ನೆ ಅಂತ ಅಂದುಕೊಳ್ಳಬೇಡಿ. ಈ ಊರಿನ ಮಾರ್ಕೆಟ್‌ಗೆ ಕ್ಯಾಮೆರಾ ಬಂದ ದಿನದಿಂದ ಈ ಲೆಕ್ಕ ಬಾಕಿ ಇದೆ. ಮಾರ್ಕೆಟ್‌ನಲ್ಲಿ ಒಂದು ಕಟ್ಟು ಸೊಪ್ಪಿಗೂ ಬೆಲೆ ಇದೆ, ಚೌಕಾಸಿ ಇದೆ. ಮುಖವನ್ನು ಮಾತ್ರ ಕೇಳದೇ ತಗೊಂಡು ಹೋಗಬಹುದು ಅಂತ ಆಗಿದ್ದು ಹೇಗೆ? ಇವತ್ತಿನ ಕಥೆ ಅದು.

ಮೊದಲು ಜಾಗದ ಪರಿಚಯ. ಸೈಗಾನ್‌ನ ಹೆಸರಾಂತ ಮಾರ್ಕೆಟ್ ಬೆನ್ ಥಾನ್. 'ಬೆನ್' ಅಂದ್ರೆ ದೋಣಿಕಟ್ಟೆ, 'ಥಾನ್' ಅಂದ್ರೆ ಕೋಟೆ. ನದಿ ದಂಡೆಯಲ್ಲಿ, ಕೋಟೆಯ ಹತ್ತಿರ, ದೋಣಿಯಲ್ಲಿ ಬಂದ ಸರಕು ಇಳಿಸಿ ಮಾರ್ತಿದ್ದ ಸಂತೆ ಅದು. 1859ರಲ್ಲಿ ಫ್ರೆಂಚರು ಸೈಗಾನ್ ಗೆದ್ದರು. ಹಳೇ ಸಂತೆ ಹೋಯ್ತು. ಈಗ ನುಯೆನ್ ಹುವೆ ರಸ್ತೆ ಇರುವ ಕಡೆ ಆಗ ಒಂದು ಕಾಲುವೆ ಹರೀತಿತ್ತು. ಅದರ ಪಕ್ಕ ಹೊಸ ಮಾರ್ಕೆಟ್ ಕಟ್ಟಿದರು. ಅದೂ ಹಳತಾದಾಗ ಊರಾಚೆಯ ಒಂದು ಜವುಗು ನೆಲಕ್ಕೆ ಮಣ್ಣು ತುಂಬಿಸಿ, 1912ರಲ್ಲಿ ಕೆಲಸ ಶುರು ಮಾಡಿ, 1914ರ ಮಾರ್ಚ್‌ನಲ್ಲಿ ಈಗಿನ ಕಟ್ಟಡ ತೆರೆದರು. ನಾಲ್ಕು ದಿಕ್ಕಿಗೆ ನಾಲ್ಕು ದ್ವಾರ, ದಕ್ಷಿಣ ದ್ವಾರದ ಮೇಲೆ ಗಡಿಯಾರ ಗೋಪುರ. ದ್ವಾರಗಳ ಮೇಲೆ ಮೀನು, ಎಮ್ಮೆ, ಬಾಳೆಗೊನೆಗಳ ಸೆರಾಮಿಕ್ ಚಿತ್ರಗಳಿವೆ. ಅವು 1952ರಲ್ಲಿ ಸೇರಿದ್ದು, ಬಿಯೆನ್ ಹೋವಾ ಊರಿನ ಕುಶಲಕರ್ಮಿಗಳ ಕೆಲಸ.

ಇನ್ನೊಂದು ವಿಷಯ. ಇಲ್ಲಿಂದ ಸ್ವಲ್ಪ ನಡೆದರೆ ಒಂದು ಮಾರಿಯಮ್ಮನ ಗುಡಿ ಸಿಗುತ್ತೆ. ಫ್ರೆಂಚರ ಕಾಲದಲ್ಲಿ ವ್ಯಾಪಾರಕ್ಕೆ, ಲೇವಾದೇವಿಗೆ ಅಂತ ಬಂದು ನೆಲೆಸಿದ ತಮಿಳರ ಗುಡಿ ಅದು. ಈಗ ಅಲ್ಲಿ ಊದಿನಕಡ್ಡಿ ಹಚ್ಚೋರು ಹೆಚ್ಚಾಗಿ ಸ್ಥಳೀಯ ವಿಯೆಟ್ನಾಮಿಯರೇ. ಅವರಲ್ಲಿ ವ್ಯಾಪಾರಕ್ಕೆ ಒಳ್ಳೇದಾಗಲಿ ಅಂತ ಬೇಡಿಕೊಳ್ಳೋರೂ ಇದ್ದಾರೆ.

ಈಗ ಕ್ಯಾಮೆರಾ ವಿಷಯಕ್ಕೆ ಬರೋಣ. ಎಮಿಲ್ ಗ್ಸೆಲ್ ಅನ್ನೋ ಫ್ರೆಂಚ್ ಫೋಟೋಗ್ರಾಫರ್ 1860ರ ದಶಕದಲ್ಲೇ ಸೈಗಾನ್‌ನಲ್ಲಿ ಸ್ಟುಡಿಯೋ ಇಟ್ಟ. 1866ರಲ್ಲಿ ಮೆಕಾಂಗ್ ನದಿಯ ಶೋಧಕ್ಕೆ ಹೊರಟ ಫ್ರೆಂಚ್ ತಂಡದ ಜೊತೆ ಆಂಕೋರ್‌ಗೆ ಹೋಗಿ ಚಿತ್ರ ತೆಗೆದವನೂ ಇವನೇ. ಆಗ ಗಾಜಿನ ಪ್ಲೇಟಿಗೆ ರಾಸಾಯನಿಕ ಹಚ್ಚಿ, ಒದ್ದೆ ಆರುವ ಮುಂಚೆ ಚಿತ್ರ ತೆಗೆದು ಮುಗಿಸಬೇಕಿತ್ತು. ಸೆಕೆಂಡುಗಟ್ಟಲೆ ಅಲುಗಾಡದೆ ನಿಂತವರು ಮಾತ್ರ ಸ್ಪಷ್ಟವಾಗಿ ಬರ್ತಿದ್ದರು. ಓಡಾಡೋರು ಬರೀ ಮಂಜಿನಂಥ ಗೆರೆ. ಹಾಗಾಗಿ ಸಂತೆಯ ಗಲಾಟೆಯನ್ನ ಆ ಕ್ಯಾಮೆರಾ ಹಿಡಿಯೋಕೇ ಆಗ್ತಿರಲಿಲ್ಲ. ಮಾರುವವರನ್ನ ಹಿಡಿಯಬೇಕಾದರೆ ನಿಲ್ಲಿಸಬೇಕು, ಕೂರಿಸಬೇಕು, ಅಲುಗಬೇಡ ಅನ್ನಬೇಕು. ಆಳುವವರ ಕಡೆಯವನು ಹಾಗೆ ಹೇಳಿದಾಗ ಒಲ್ಲೆ ಅನ್ನೋದು ಎಷ್ಟು ಜನಕ್ಕೆ ಸಾಧ್ಯ?

20ನೇ ಶತಮಾನದ ಶುರುವಿನಲ್ಲಿ ಪೋಸ್ಟ್‌ಕಾರ್ಡ್ ಹುಚ್ಚು ಹತ್ತಿತು. ಹನೋಯ್‌ನಲ್ಲಿದ್ದ ಪಿಯೆರ್ ದಿಯೂಲೆಫಿಸ್ ಒಬ್ಬನೇ ಸಾವಿರಾರು ಕಾರ್ಡ್ ಪ್ರಕಟಿಸಿದ. ಮಾರ್ಕೆಟ್, ತರಕಾರಿ ಮಾರೋಳು, ಕ್ಷೌರದವನು, ಗಾಡಿ ಎಳೆಯೋನು, ಇವೆಲ್ಲ ಫ್ರಾನ್ಸ್‌ನಲ್ಲಿರೋ ಅಮ್ಮನಿಗೋ ಗೆಳೆಯನಿಗೋ ಐದು ಸಾಲು ಬರೆದು ಕಳಿಸೋ ಕಾರ್ಡ್‌ಗಳಾದವು. ಇಂಥ ಕಾರ್ಡ್‌ಗಳ ಕೆಳಗೆ ಏನು ಅಚ್ಚಾಗ್ತಿತ್ತು ಗಮನಿಸಿ. ಊರಿನ ಹೆಸರು ಇರ್ತಿತ್ತು, ಕಸುಬಿನ ಹೆಸರು ಇರ್ತಿತ್ತು. ಫೋಟೋದಲ್ಲಿ ಇರೋರ ಹೆಸರು ಮಾತ್ರ ಇರ್ತಿರಲಿಲ್ಲ. ಅವರು 'ಒಂದು ಮಾದರಿ', ಅಷ್ಟೇ.

ಅದೇ ಕಾಲದಲ್ಲಿ ಇನ್ನೊಂದು ಕಥೆಯೂ ನಡೀತಿತ್ತು. ವಿಯೆಟ್ನಾಮಿಯರೇ ಕ್ಯಾಮೆರಾ ಹಿಡಿದ ಕಥೆ. 1869ರಲ್ಲಿ ಡಾಂಗ್ ಹುಯ್ ಟ್ರು ಅನ್ನೋ ಅರಸರ ಅಧಿಕಾರಿ ಹನೋಯ್‌ನಲ್ಲಿ ಸ್ಟುಡಿಯೋ ತೆರೆದ. ಅದಕ್ಕೆ ಇಟ್ಟ ಹೆಸರಿನಲ್ಲಿ ತಂದೆತಾಯಿಯ ಮೇಲಿನ ಭಕ್ತಿ ಅನ್ನೋ ಅರ್ಥ ಇತ್ತು. ವಯಸ್ಸಾದವರ ಮುಖ ಮಕ್ಕಳಿಗೆ ಉಳೀಲಿ ಅನ್ನೋದು ಆಶಯ. 1892ರಲ್ಲಿ ಹನೋಯ್ ಹತ್ತಿರದ ಲಾಯ್ ಸಾ ಹಳ್ಳಿಯ ಒಬ್ಬರು 'ಖಾನ್ ಕಿ' ಸ್ಟುಡಿಯೋ ಶುರು ಮಾಡಿದರು. ಆಮೇಲೆ ಊರಿಗೆ ಊರೇ ಫೋಟೋ ಕಸುಬು ಕಲಿತು ದೇಶದ ಬೇರೆ ಬೇರೆ ಕಡೆ ಸ್ಟುಡಿಯೋ ಹಾಕಿತು. ಈಗ ಆ ಹಳ್ಳಿಯಲ್ಲೇ ಫೋಟೋಗ್ರಫಿ ಮ್ಯೂಸಿಯಂ ಇದೆ. ಮುಂದೆ ಹೋ ಚಿ ಮಿನ್ ಅಂತ ಹೆಸರಾದ ಯುವಕ ಕೂಡ ಪ್ಯಾರಿಸ್‌ನಲ್ಲಿ ಹೊಟ್ಟೆಪಾಡಿಗೆ ಫೋಟೋ ರೀಟಚ್ ಮಾಡ್ತಿದ್ದರು.

ಸ್ಟುಡಿಯೋಗೂ ಪೋಸ್ಟ್‌ಕಾರ್ಡ್‌ಗೂ ಏನು ವ್ಯತ್ಯಾಸ? ಸ್ಟುಡಿಯೋಗೆ ಹೋಗೋರು ತಾವೇ ಹೋಗ್ತಾರೆ. ಒಳ್ಳೆ ಬಟ್ಟೆ ಹಾಕ್ತಾರೆ, ತಲೆ ಬಾಚ್ತಾರೆ, ದುಡ್ಡು ಕೊಡ್ತಾರೆ, ಫೋಟೋ ಮನೆಗೆ ತಗೊಂಡು ಹೋಗ್ತಾರೆ. ಪೋಸ್ಟ್‌ಕಾರ್ಡ್‌ನಲ್ಲಿ ಇರೋರಿಗೆ ಆ ಕಾರ್ಡ್ ಸಿಕ್ಕೋದೇ ಇಲ್ಲ.

1925ರಲ್ಲಿ ಲೈಕಾ ಅನ್ನೋ ಚಿಕ್ಕ ಕ್ಯಾಮೆರಾ ಮಾರುಕಟ್ಟೆಗೆ ಬಂತು. ಕೈಯಲ್ಲಿ ಹಿಡಿದು, ನಡೀತಾ ನಡೀತಾನೇ ಕ್ಲಿಕ್ ಮಾಡಬಹುದು. ನಾವು ಈಗ ಸ್ಟ್ರೀಟ್ ಫೋಟೋಗ್ರಫಿ ಅನ್ನೋದು ಬೆಳೆದಿದ್ದು ಇಂಥ ಕ್ಯಾಮೆರಾಗಳಿಂದ. ಫ್ರಾನ್ಸ್‌ನ ಹೆನ್ರಿ ಕಾರ್ತಿಯೆ-ಬ್ರೆಸೋನ್ 1952ರಲ್ಲಿ ತಂದ ಪುಸ್ತಕ ಈ ಕಲೆಗೆ ಪಠ್ಯದಂತಾಯ್ತು. ಇಂಗ್ಲಿಷ್‌ನಲ್ಲಿ ಅದರ ಹೆಸರು 'ದಿ ಡಿಸೈಸಿವ್ ಮೊಮೆಂಟ್'. ಫೋಟೋ ವಾಕ್‌ಗಳಲ್ಲಿ ಈ ಮಾತು ಕಿವಿಗೆ ಬೀಳ್ತಾನೇ ಇರುತ್ತೆ. ಆದರೆ ಫ್ರೆಂಚ್ ಹೆಸರೇ ಬೇರೆ: 'ಇಮಾಜ್ ಆ ಲಾ ಸೋವೆತ್'. 'ಆ ಲಾ ಸೋವೆತ್' ಅಂದ್ರೆ ಗಡಿಬಿಡಿಯಲ್ಲಿ, ಕದ್ದುಮುಚ್ಚಿ ಅಂತ. ಲೈಸೆನ್ಸ್ ಇಲ್ಲದೆ ರಸ್ತೆ ಬದಿ ಮಾರುತ್ತಾ, ಪೊಲೀಸ್ ಕಂಡರೆ ಗಂಟು ಕಟ್ಟಿ ಓಡೋಕೆ ತಯಾರಾಗಿ ನಿಂತ ವ್ಯಾಪಾರಿಗಳ ಬಗ್ಗೆ ಫ್ರೆಂಚರು ಬಳಸೋ ಮಾತು ಅದು.

ಮಜಾ ನೋಡಿ, ಸೈಗಾನ್‌ನಲ್ಲೂ ಅಂಥ ವ್ಯಾಪಾರಿಗಳಿದ್ದಾರೆ, ಅವರ ಸಂತೆಗೂ ಒಂದು ಹೆಸರಿದೆ: 'ಚೋ ಕೊಕ್', ಅಂದ್ರೆ ನೆಲಗಪ್ಪೆ ಸಂತೆ. ಫುಟ್‌ಪಾತ್ ಮೇಲೆ ಕುಕ್ಕರಗಾಲಲ್ಲಿ ಕೂತಿರ್ತಾರೆ, ಅಧಿಕಾರಿಗಳು ಬಂದರೆ ಕಪ್ಪೆ ಥರ ಜಿಗಿದು ಮಾಯ. 2017ರಲ್ಲಿ ಬೆನ್ ಥಾನ್ ಇರುವ ಆಗಿನ ಜಿಲ್ಲೆ 1ರಲ್ಲಿ ಫುಟ್‌ಪಾತ್ ತೆರವು ಜೋರಾಗಿ ನಡೆದು ದೇಶವೆಲ್ಲ ಸುದ್ದಿಯಾಯ್ತು. ಫೋಟೋ ವಾಕ್‌ಗೆ ಬಂದವರಿಗೆ ತುಂಬ ಇಷ್ಟವಾಗೋರು ಈ ಬುಟ್ಟಿ ಹೊತ್ತ, ಶಂಕುವಿನಂಥ ಟೊಪ್ಪಿ ಹಾಕಿದ ಅಕ್ಕಂದಿರೇ. ಯಾವ ಬೀದಿ, ಎಷ್ಟು ಹೊತ್ತು ಅಂತ ತೋರಿಸೋ ಫೋಟೋ ನಮಗೆ ಒಂದು ಪೋಸ್ಟ್. ಅವರಿಗೆ ಅದು ಜಾಗ ಕಳೆದುಕೊಳ್ಳೋ ಭಯ.

ಈಗ 1960ರ ದಶಕಕ್ಕೆ ಬರೋಣ. ಜಗತ್ತು ಸೈಗಾನ್ ಬೀದಿಗಳನ್ನ ನೋಡಿದ್ದೇ ಆಗಿನ ಫೋಟೋಗಳಿಂದ.

1963ರ ಜೂನ್ 11. ಬೆನ್ ಥಾನ್‌ನಿಂದ ನಡೆದೇ ಹೋಗುವಷ್ಟು ದೂರದ ಒಂದು ಸರ್ಕಲ್‌ನಲ್ಲಿ ಬೌದ್ಧ ಭಿಕ್ಷು ಥಿಕ್ ಕ್ವಾಂಗ್ ಡುಕ್ ಸರ್ಕಾರದ ದಬ್ಬಾಳಿಕೆ ವಿರುದ್ಧ ಆತ್ಮಾಹುತಿ ಮಾಡಿಕೊಂಡರು. ಅಸೋಸಿಯೇಟೆಡ್ ಪ್ರೆಸ್‌ನ ಮಾಲ್ಕಂ ಬ್ರೌನ್ ತೆಗೆದ ಚಿತ್ರ ಜಗತ್ತಿನೆಲ್ಲೆಡೆ ಹೋಯ್ತು. ಏನೋ ನಡೆಯಲಿದೆ ಅಂತ ಪತ್ರಕರ್ತರಿಗೆ ಮೊದಲೇ ತಿಳಿಸಿದ್ದು ಭಿಕ್ಷುಗಳೇ. ಅವರಿಗೆ ಕ್ಯಾಮೆರಾ ಬೇಕಿತ್ತು.

ಅದೇ ವರ್ಷ ಆಗಸ್ಟ್ 25ರಂದು ಬೆನ್ ಥಾನ್ ಎದುರಿಗೇ ವಿದ್ಯಾರ್ಥಿಗಳ ಪ್ರತಿಭಟನೆ ಮೇಲೆ ಗುಂಡು ಹಾರಿತು. 15 ವರ್ಷದ ಕ್ವಾಕ್ ಥಿ ಟ್ರಾಂಗ್ ಸತ್ತಳು. ಮಾರ್ಕೆಟ್ ಮುಂದಿನ ವೃತ್ತಕ್ಕೆ ಅವಳ ಹೆಸರು ಬಂತು, ಅವಳ ಪ್ರತಿಮೆಯನ್ನೂ ಇಟ್ಟರು. ಮೆಟ್ರೋ ಕಾಮಗಾರಿಗಾಗಿ ಪ್ರತಿಮೆಯನ್ನ ಅಲ್ಲಿಂದ ತೆಗೆದರು. 2024ರ ಡಿಸೆಂಬರ್ 22ರಂದು ಮೊದಲ ಮೆಟ್ರೋ ಲೈನ್ ಅದೇ ಜಾಗದಿಂದ ಓಡಾಟ ಶುರು ಮಾಡ್ತು. ಈಗ ಗಡಿಯಾರ ಗೋಪುರದ ಮುಂದೆ ಸೆಲ್ಫಿ ತಗೊಳ್ಳೋ ಎಷ್ಟೋ ಜನಕ್ಕೆ ತಾವು ನಿಂತ ನೆಲದ ಈ ಕಥೆ ಗೊತ್ತಿರೋದಿಲ್ಲ. ಒಳ್ಳೆ ಗೈಡ್ ಆದರೆ ಇದನ್ನ ಹೇಳಬೇಕು.

ಅಲ್ಲಿಂದ ಪಶ್ಚಿಮಕ್ಕೆ ಕೆಲವು ಕಿಲೋಮೀಟರ್ ಹೋದರೆ ಚೀನೀ ಮೂಲದವರ ಬಡಾವಣೆ ಚೋ ಲೊನ್. ಹೆಸರಿನ ಅರ್ಥವೇ 'ದೊಡ್ಡ ಸಂತೆ'. 1968ರ ಫೆಬ್ರವರಿ 1ರಂದು, ಟೆಟ್ ದಾಳಿ ನಡೀತಿದ್ದಾಗ, ಇಲ್ಲಿನ ಒಂದು ಬೀದಿಯಲ್ಲಿ ದಕ್ಷಿಣ ವಿಯೆಟ್ನಾಂ ಪೊಲೀಸ್ ಮುಖ್ಯಸ್ಥ ನುಯೆನ್ ನೊಕ್ ಲೋನ್, ಕೈ ಕಟ್ಟಿದ್ದ ಕೈದಿಯೊಬ್ಬನ ತಲೆಗೆ ಗುಂಡು ಹೊಡೆದ. ಎಡ್ಡಿ ಆಡಮ್ಸ್ ಆ ಕ್ಷಣದಲ್ಲೇ ಕ್ಲಿಕ್ ಮಾಡಿದರು. 1969ರಲ್ಲಿ ಪುಲಿಟ್ಜರ್ ಬಂತು. 'ಡಿಸೈಸಿವ್ ಮೊಮೆಂಟ್' ಅಂದ್ರೆ ಇದಕ್ಕಿಂತ ಬೇಕಾ?

ಆದರೆ ಆ ಒಂದು ಚಿತ್ರದಿಂದ ಲೋನ್‌ನ ಉಳಿದ ಬದುಕೇ ಬದಲಾಯ್ತು. ಯುದ್ಧ ಮುಗಿದ ಮೇಲೆ ಅಮೆರಿಕಕ್ಕೆ ಹೋಗಿ ಪಿಜ್ಜಾ ಅಂಗಡಿ ಇಟ್ಟರೂ ಆ ಚಿತ್ರ ಬೆನ್ನು ಬಿಡಲಿಲ್ಲ. 1998ರಲ್ಲಿ ಆತ ತೀರಿಕೊಂಡಾಗ ಆಡಮ್ಸ್ ಬಹಿರಂಗವಾಗಿ ದುಃಖ ಹೇಳಿಕೊಂಡರು. ಫೋಟೋ ಅರ್ಧ ಸತ್ಯ ಮಾತ್ರ ಹೇಳುತ್ತೆ ಅನ್ನೋದು ಅವರ ನಿಲುವಾಗಿತ್ತು. ಇನ್ನು ಸತ್ತವನು? ಜಗತ್ತು ಅವನನ್ನ ನೆನಪಿಟ್ಟಿದ್ದು ಹೆಚ್ಚಾಗಿ ಚೌಕುಳಿ ಅಂಗಿ ಹಾಕಿದ ಕೈದಿ ಅಂತಲೇ. ಕೊಂದವನ ಹೆಸರು ಗೊತ್ತು, ಫೋಟೋ ತೆಗೆದವರ ಹೆಸರು ಗೊತ್ತು. ಹಳೇ ಪೋಸ್ಟ್‌ಕಾರ್ಡ್‌ನ ಲೆಕ್ಕವೇ ಮತ್ತೆ.

ಬೀದಿ ಫೋಟೋ ತಪ್ಪು ಅಂತ ನಾನು ಹೇಳ್ತಿಲ್ಲ. ಆ ಚಿತ್ರಗಳು ಇಲ್ಲದಿದ್ದರೆ 1963 ಮತ್ತು 1968ರಲ್ಲಿ ನಡೆದದ್ದು ಹೊರಗಿನವರ ಕಣ್ಣಿಗೆ ಬೀಳ್ತಾನೇ ಇರಲಿಲ್ಲ. ಯುದ್ಧಕಾಲದಲ್ಲಿ ಕೇಳಿ ತೆಗೆಯೋಕೆ ಪುರುಸೊತ್ತೂ ಇರೋದಿಲ್ಲ. ಆದರೆ ರಜೆಗೆ ಬಂದು, ಕಾಫಿ ಕುಡಿದು, ಗೈಡ್ ಜೊತೆ ನಡೀತಿರೋರಿಗೆ ಆ ನೆಪ ಇಲ್ಲವಲ್ಲ?

ಕಾನೂನೂ ಇದನ್ನೇ ಹೇಳುತ್ತೆ. ವಿಯೆಟ್ನಾಂನ 2015ರ ನಾಗರಿಕ ಸಂಹಿತೆಯ 32ನೇ ವಿಧಿ ಪ್ರಕಾರ ತನ್ನ ಚಿತ್ರದ ಮೇಲೆ ವ್ಯಕ್ತಿಗೆ ಹಕ್ಕಿದೆ. ಅದನ್ನ ಬಳಸೋಕೆ ಅವರ ಒಪ್ಪಿಗೆ ಬೇಕು, ವ್ಯಾಪಾರಕ್ಕೆ ಬಳಸಿದರೆ ದುಡ್ಡೂ ಕೊಡಬೇಕು. ಸಮ್ಮೇಳನ, ಕ್ರೀಡಾಕೂಟದಂಥ ಸಾರ್ವಜನಿಕ ಕಾರ್ಯಕ್ರಮಕ್ಕೆ, ಸಾರ್ವಜನಿಕ ಹಿತಕ್ಕೆ ವಿನಾಯಿತಿ ಇದೆ. ಪ್ರವಾಸಿಯ ಇನ್‌ಸ್ಟಾಗ್ರಾಂ ಪುಟ ಸಾರ್ವಜನಿಕ ಹಿತ ಅಂತ ವಾದ ಮಾಡೋದು ಕಷ್ಟ.

ಹಾಗಾದರೆ ಒಳ್ಳೆ ವಾಕ್ ಹೇಗಿರುತ್ತೆ? ಗೈಡ್‌ನ ಬೆಲೆ ಗೊತ್ತಾಗೋದು ಇಲ್ಲೇ. ವಿಯೆಟ್ನಾಮಿ ಭಾಷೆಯಲ್ಲಿ ಎಲ್ಲರಿಗೂ ಹೊಂದೋ ಒಂದೇ 'ನೀವು' ಇಲ್ಲ. ವಯಸ್ಸು ನೋಡಿ ಅಕ್ಕ, ಅತ್ತೆ, ದೊಡ್ಡಪ್ಪ, ತಮ್ಮ ಅಂತಲೇ ಕರೀಬೇಕು, ನಾವು ಸಂತೆಯಲ್ಲಿ 'ಅಕ್ಕಾ, ಸೊಪ್ಪು ಹೇಗೆ?' ಅಂತ ಕೇಳೋ ಥರ. ಆ ಸಂಬಂಧದ ಮಾತು ಬಾಯಿಗೆ ಬಂದ ಕೂಡಲೇ ಎದುರಿಗಿರೋರು 'ಮಾದರಿ' ಆಗಿ ಉಳಿಯೋದಿಲ್ಲ. ಅಂಥ ಗೈಡ್ ಮೊದಲು ಮಾತಾಡಿಸ್ತಾರೆ, ಬೋಣಿ ಆಯ್ತಾ ಅಂತ ನೋಡ್ತಾರೆ. ಆಗಿಲ್ಲ ಅಂದ್ರೆ ಒಂದು ಡಜನ್ ಬಾಳೆಹಣ್ಣನ್ನೋ ಒಂದು ಲೋಟ ಕಾಫಿಯನ್ನೋ ಕೊಳ್ಳೋಕೆ ಹೇಳ್ತಾರೆ. ಆಮೇಲೆ ಕೇಳ್ತಾರೆ, ಫೋಟೋ ತೆಗೀಬಹುದಾ ಅಂತ. ಕೈ ಅಡ್ಡ ಬಂದರೆ ನಕ್ಕು ಮುಂದೆ ಹೋಗ್ತಾರೆ. ಒಪ್ಪಿದರೆ ತೆಗೆದು, ಸ್ಕ್ರೀನ್ ತಿರುಗಿಸಿ ಅವರಿಗೇ ತೋರಿಸ್ತಾರೆ.

ಕೇಳಿದರೆ ಸಹಜತೆ ಹೋಗುತ್ತೆ ಅಂತ ಬಹಳ ಜನ ಹೇಳ್ತಾರೆ. ಮೊದಲ ಒಂದು ನಿಮಿಷ ಹೋಗುತ್ತೆ, ನಿಜ. ಐದು ನಿಮಿಷ ಅಲ್ಲೇ ನಿಂತರೆ ವ್ಯಾಪಾರಿ ತಮ್ಮ ಕೆಲಸಕ್ಕೆ ವಾಪಸ್ ಹೋಗ್ತಾರೆ. ಗಿರಾಕಿ ಕಾಯ್ತಿರ್ತಾರೆ, ಮೀನು ಕತ್ತರಿಸಬೇಕು, ಚಿಲ್ಲರೆ ಕೊಡಬೇಕು. ನಿಮ್ಮ ಕ್ಯಾಮೆರಾ ನೋಡ್ತಾ ಕೂರೋಕೆ ಅವರಿಗೆ ಪುರುಸೊತ್ತು ಎಲ್ಲಿದೆ?

ಬೆಂಗಳೂರಿನ ಕೆ.ಆರ್. ಮಾರ್ಕೆಟ್‌ಗೂ ಬೆಳಗ್ಗೆ ಬೆಳಗ್ಗೆ ಫೋಟೋ ವಾಕ್ ಹೋಗೋರು ನಮ್ಮಲ್ಲೇ ಬೇಕಾದಷ್ಟು ಜನ ಇದ್ದಾರೆ. ಮುಂದಿನ ಸಲ ಹೋದಾಗ ಮೊದಲು ಒಂದು ಮೊಳ ಹೂ ಕೊಳ್ಳಿ. ಬೋಣಿ ನಿಮ್ಮದೇ ಆಗಲಿ, ಫೋಟೋ ಆಮೇಲೆ.